ಓದುಗರ ಪ್ರಶ್ನೆ, ನಮ್ಮ ಉತ್ತರ

ಪ್ರಶ್ನೆ: ಇಂಗ್ಲೆಂಡಿನ ವಿಟ್ಲಿ ಕೋರ್ಟ್ ಅರಮನೆ ಪಾಳುಬಿದ್ದುದು ಹೇಗೆ?

ಉತ್ತರ: ವೂಸ್ಟರ್‌ಶೈರ್‌ನ ಈ ಅರಮನೆಯನ್ನು ಡಡ್ಲಿ ಮನೆತನ 19ನೆಯ ಶತಮಾನದಲ್ಲಿ ಅಪಾರ ವೈಭವದಿಂದ ವಿಸ್ತರಿಸಿತಾದರೂ, 1920ರಲ್ಲಿ ಅದನ್ನು ಜಮಖಾನೆ ತಯಾರಕರೊಬ್ಬರಿಗೆ ಮಾರಿಬಿಟ್ಟಿತು. 1937ರ ಬೆಂಕಿಯಲ್ಲಿ ಕಟ್ಟಡದ ಒಂದು ಭಾಗ ಸುಟ್ಟಿತು. ಅದನ್ನು ದುರಸ್ತಿ ಮಾಡಿಸುವ ಬದಲು ಮಾರಲಾಯಿತು, ಅನಂತರ ಬೆಲೆಬಾಳುವುದನ್ನೆಲ್ಲ ಕಿತ್ತು ಸಾಗಿಸಿದರು. ನನ್ನ ಮಟ್ಟಿಗೆ ಬೆಂಕಿಗಿಂತ ಈ ಲೂಟಿಯೇ ಹೆಚ್ಚು ಕ್ರೂರ. ಇಂದು ಸೂರಿಲ್ಲದ ಗೋಡೆಗಳ ಖಾಲಿ ಕಿಟಕಿಗಳಲ್ಲಿ ಆಕಾಶ ಕಾಣುತ್ತದೆ. ಎದುರಿನ, ಗ್ರೀಕ್ ಪುರಾಣದ ಪರ್ಸಿಯಸ್–ಆಂಡ್ರೊಮಿಡಾ ಶಿಲ್ಪಗಳಿರುವ ಕಾರಂಜಿ ಮಾತ್ರ ಮತ್ತೆ ಚಿಮ್ಮುತ್ತಿದೆ.

ಪ್ರಶ್ನೆ: ಅಮೆರಿಕದ ಕಪ್ಪು ಜನರ ಭಾವತೀವ್ರ ಸೋಲ್ (soul) ಸಂಗೀತದಿಂದ ಪ್ರೇರಿತವಾದ ಒಂದು ಪಾಪ್ ಆಲ್ಬಮ್ ಸೂಚಿಸುವಿರಾ?

ಉತ್ತರ: 1969ರ ‘ಡಸ್ಟಿ ಇನ್ ಮೆಂಫಿಸ್’ ಕೇಳಿರಿ. ಬ್ರಿಟಿಷ್ ಗಾಯಕಿ ಡಸ್ಟಿ ಸ್ಪ್ರಿಂಗ್‌ಫೀಲ್ಡ್ ಇದಕ್ಕಾಗಿ ಅಮೆರಿಕದ ಮೆಂಫಿಸ್ ನಗರದ ಅಮೆರಿಕನ್ ಸೌಂಡ್ ಸ್ಟುಡಿಯೋಗೆ ಹೋದರಾದರೂ, ತಾವು ಆರಾಧಿಸುತ್ತಿದ್ದ ಸೋಲ್ ಗಾಯಕರ ನಿರ್ಮಾಪಕರ ಮುಂದೆ ಹಾಡಲು ಅಳುಕಿದ್ದರಿಂದ, ಆಲ್ಬಮ್ಮಿನ ಅಂತಿಮ ಗಾಯನ ನ್ಯೂಯಾರ್ಕಿನಲ್ಲಿ ಮುದ್ರಣವಾಯಿತು. ಹೆಸರಿನಲ್ಲಿ ಮೆಂಫಿಸ್, ಕಂಠ ನ್ಯೂಯಾರ್ಕಿನದು! ವಾದ್ಯಗಳು ಎಲ್ಲಿಯೂ ಅಬ್ಬರಿಸುವುದಿಲ್ಲ. ತಾಳಕ್ಕಿಂತ ತುಸು ಹಿಂದೆ ಸರಿದು, ಪಿಸುಮಾತಿನಂತೆ ಬರುವ ದನಿಗೆ ಅವು ಜಾಗ ಬಿಡುತ್ತವೆ. ‘ಸನ್ ಆಫ್ ಎ ಪ್ರೀಚರ್ ಮ್ಯಾನ್’ ಹಾಡು ಗೆದ್ದರೂ ಆಲ್ಬಮ್ ಆಗ ಹೆಚ್ಚು ಮಾರಾಟವಾಗಲಿಲ್ಲ.