ಫೋನ್ ಮಾಡಿ ಬರಬಾರದಿತ್ತೇ?

ಇಂಗ್ಲೆಂಡಿನ ಲೀಡ್ಸ್‌ಗೆ ಬಂದು ವಾರವಾಯಿತು, ಪಕ್ಕದ ಮನೆಯಾಕೆ ‘ಯಾವಾಗಲಾದರೂ ಟೀಗೆ ಬನ್ನಿ’ ಎಂದಿದ್ದಾರೆ, ಹೋಗಬಹುದೇ ಎಂದು ಕೇಳಿದ್ದೀರಿ. ಚಳಿ, ಭಾನುವಾರದ ಅಂಗಡಿಗಳ ಬಗ್ಗೆಯೂ ಕೇಳಿದ್ದೀರಿ. ಚಳಿಗೆ ಒಳ್ಳೆಯ ಬೂಟು ಕೊಳ್ಳಿ, ಅಷ್ಟೇ. ಅಂಗಡಿಗಳು 1994ರಿಂದ ಭಾನುವಾರವೂ ತೆರೆದಿರುತ್ತವೆ, ದೊಡ್ಡವು ಆರು ಗಂಟೆ ಮಾತ್ರ.

ನಾನು ಬಂದದ್ದು 1967ರ ನವೆಂಬರಿನಲ್ಲಿ, ಜೇಬಿನಲ್ಲಿ ನಮ್ಮ ಸರ್ಕಾರ ತರಲು ಬಿಟ್ಟ 3 ಪೌಂಡ್. ‘ಬಣ್ಣದವರಿಗೆ ಕೋಣೆ ಇಲ್ಲ’ ಎಂದು ಕಿಟಕಿಯಲ್ಲಿ ಚೀಟಿ ಹಾಕಲು ಕಾನೂನಿನ ಅಡ್ಡಿ ಇರಲಿಲ್ಲ. ಅದನ್ನು ತಡೆಯುವ ಕಾಯ್ದೆ ಬಂದದ್ದು ಮರುವರ್ಷ. ಕೊನೆಗೆ ಸಿಕ್ಕ ಕೋಣೆಯಲ್ಲಿ ಗ್ಯಾಸ್ ಮೀಟರಿಗೆ ಶಿಲಿಂಗ್ ನಾಣ್ಯ ಹಾಕಬೇಕಿತ್ತು. ನಡುರಾತ್ರಿ ನಾಣ್ಯದ ಅವಧಿ ಮುಗಿದು ಉರಿ ಪುಸ್ಸೆಂದು ಆರಿದರೆ ಓವರ್‌ಕೋಟನ್ನೇ ಹೊದ್ದು ಮಲಗುತ್ತಿದ್ದೆ.

ಜೊತೆಗೆ ಕೆಲಸ ಮಾಡುವವರೊಬ್ಬರು ನನಗೂ ಹೀಗೆಯೇ ‘ಯಾವಾಗಲಾದರೂ ಬನ್ನಿ’ ಎಂದಿದ್ದರು. ನಂಬಿ, ಒಂದು ಭಾನುವಾರ ಕಿತ್ತಳೆಯ ಪೊಟ್ಟಣ ಹಿಡಿದು ಹೋದೆ. ಬಾಗಿಲು ಅರ್ಧ ತೆರೆದು ‘ಏನಾದರೂ ತೊಂದರೆಯೇ?’ ಎಂದರು. ಹೊಸ್ತಿಲಲ್ಲೇ ಮಳೆಯ ಬಗ್ಗೆ ಹತ್ತು ನಿಮಿಷ ಮಾತಾಡಿದೆವು. ಕಿತ್ತಳೆಯನ್ನು ಬಸ್ಸಿನಲ್ಲಿ ನಾನೇ ತಿಂದೆ.

ಅಂದಿನಿಂದ ಹೇಳದೆ ಯಾರ ಮನೆಗೂ ಹೋಗಲಿಲ್ಲ. ಹೋಗದಿದ್ದರೆ ಸರಿ, ಬಂದವರನ್ನೂ ಹಾಗೆಯೇ ಅಳೆಯತೊಡಗಿದೆ. 1978ರಲ್ಲಿ ಒಂದು ಶನಿವಾರ, ದಾವಣಗೆರೆಯ ಹಾಸ್ಟೆಲಿನಲ್ಲಿ ನನ್ನ ಕೋಣೆಯಲ್ಲೇ ಇದ್ದ ಗೆಳೆಯ ಬ್ರಾಡ್‌ಫರ್ಡ್‌ನಿಂದ ಬಂದು ಬೆಲ್ ಒತ್ತಿದ. ಕೈಯಲ್ಲಿ ಹೆಂಡತಿ ಕರಿದುಕೊಟ್ಟ ಚಕ್ಕುಲಿಯ ಡಬ್ಬಿ. ನಮ್ಮ ಮನೆಯಲ್ಲಿ ಅಂದು ಬೇರೆ ಅತಿಥಿಗಳಿದ್ದರು. ನನ್ನ ಬಾಯಿಂದ ಹೊರಟ ಮಾತು: ‘ಫೋನ್ ಮಾಡಿ ಬರಬಾರದಿತ್ತೇ?’ ಅಚ್ಚ ಕನ್ನಡದಲ್ಲಿ. ‘ಈ ಕಡೆ ಬಂದಿದ್ದೆ, ಹಾಗೇ...’ ಎಂದ. ನಮ್ಮ ಬೀದಿ ಯಾವ ಕಡೆಗೂ ದಾರಿಯಲ್ಲ. ನಿಂತೇ ಕಾಫಿ ಕುಡಿದು ಹೊರಟ. ಮತ್ತೆ ಬರಲಿಲ್ಲ, ಕೆಲವು ವರ್ಷಗಳ ನಂತರ ಊರಿಗೇ ಮರಳಿದ. ಡಬ್ಬಿ ನಮ್ಮಲ್ಲೇ ಉಳಿಯಿತು, ಸಾಸಿವೆ ಹಾಕಿಟ್ಟಿದ್ದೇವೆ. ಒಗ್ಗರಣೆ ಹಾಕುವಾಗಲೆಲ್ಲ ನನ್ನ ಕೈಗೆ ಬರುತ್ತದೆ.

ನಿಮ್ಮ ಪ್ರಶ್ನೆಗೆ ಬರುತ್ತೇನೆ. ಯಾವ ದಿನ, ಎಷ್ಟು ಗಂಟೆಗೆ ಎಂದು ಆಕೆಯನ್ನು ಕೇಳಿಬಿಡಿ, ಬೇಸರಿಸುವುದಿಲ್ಲ. ಊಟ ಮುಗಿಸಿಕೊಂಡು ಮಾತ್ರ ಹೋಗಬೇಡಿ. ಲೀಡ್ಸ್ ಇರುವ ಈ ಯಾರ್ಕ್‌ಶೈರ್ ಸೀಮೆಯಲ್ಲಿ ಎಷ್ಟೋ ಮನೆಗಳಲ್ಲಿ ಟೀ ಎಂದರೆ ಸಂಜೆಯ ಊಟವೇ. ಮಾಂಸ ತಿನ್ನದಿದ್ದರೆ ಮೊದಲೇ ಹೇಳಿ. ಈಗ ಅದು ಎಲ್ಲರಿಗೂ ತಿಳಿಯುತ್ತದೆ. ನನಗೆ ಮೊದಲ ಕ್ರಿಸ್‌ಮಸ್‌ನಲ್ಲಿ ಮಾಂಸದ ತುಂಡನ್ನಷ್ಟೇ ಎತ್ತಿಟ್ಟು, ಉಳಿದದ್ದಕ್ಕೆಲ್ಲ ಅದರದೇ ರಸ ಸುರಿದು ಅಕ್ಕರೆಯಿಂದ ಬಡಿಸಿದ್ದರು.