ತಾರಸಿಯಲ್ಲಿ ಬ್ಲೂಬೆರಿ ಹಳದಿಯಾಗಿ ಸಾಯುವುದು ಯಾಕೆ?

ಬೆಂಗಳೂರಿನ ತಾರಸಿಯಲ್ಲಿ ಎರಡು ಸಲ ಬ್ಲೂಬೆರಿ ಗಿಡ ಹಾಕಿದ್ದೀರಿ. ಎರಡೂ ಹಳದಿಯಾಗಿ ಸತ್ತಿವೆ. ಇಲ್ಲಿನ ಬಿಸಿಲೇ ಕಾರಣವಾ, ಕ್ರ್ಯಾನ್‌ಬೆರಿಯಾದರೂ ಬರುತ್ತದಾ ಅಂತ ಕೇಳಿದ್ದೀರಿ.

ನನಗೆ ಅನುಮಾನ ಬಿಸಿಲಿನ ಮೇಲಲ್ಲ, ನೀರಿನ ಮೇಲೆ. ನಾಗರಬಾವಿಯ ನಮ್ಮ ತಾರಸಿಯಲ್ಲಿ ನಾನೂ ಮೊದಲ ಮೂರು ಗಿಡ ಹೀಗೇ ಕಳೆದುಕೊಂಡೆ. ಒಂದು ವಿಷಯ ನೆನಪು ಮಾಡಿಕೊಳ್ಳಿ. ಮೊದಲು ಹಳದಿಯಾಗಿದ್ದು ತುದಿಯ ಹೊಸ ಎಲೆಗಳಾ? ಎಲೆ ಹಳದಿಯಾಗಿ, ನರಗಳು ಮಾತ್ರ ಹಸಿರಾಗಿದ್ದವಾ? ಹಾಗಿದ್ದರೆ ಅದು ಕಬ್ಬಿಣದ ಕೊರತೆ. ಮಣ್ಣಿನಲ್ಲಿ ಕಬ್ಬಿಣ ಇರುತ್ತದೆ, ಆದರೆ ಮಣ್ಣಿನ ಹುಳಿ ಕಡಿಮೆಯಾದರೆ ಅದು ಗಿಡಕ್ಕೆ ಸಿಗುವುದಿಲ್ಲ. ಬ್ಲೂಬೆರಿಗೆ ಹುಳಿ ಮಣ್ಣು ಬೇಕು, ಪಿಎಚ್ (ಹುಳಿಯ ಅಳತೆ, ಅಂಕಿ ಇಳಿದಷ್ಟೂ ಹುಳಿ ಜಾಸ್ತಿ) 4.5ರಿಂದ 5.5ರ ಒಳಗೆ. ನಾವು ಹಾಕುವುದು ಬೋರ್‌ವೆಲ್ ನೀರು. ಬಕೆಟ್ಟಿನ ಅಂಚಿನಲ್ಲಿ ಬಿಳಿ ಕಲೆ ಕೂರುತ್ತದಲ್ವಾ, ಅದೇ ಸುಣ್ಣವನ್ನು ದಿನಾ ಕುಂಡಕ್ಕೂ ಸುರಿಯುತ್ತಿರುತ್ತೇವೆ. ಮಣ್ಣು ಎಷ್ಟು ಚೆನ್ನಾಗಿ ಮಾಡಿಕೊಂಡಿದ್ದರೂ ಕೆಲವೇ ತಿಂಗಳಲ್ಲಿ ಅದರ ಹುಳಿ ಹೋಗಿಬಿಡುತ್ತದೆ.

ಹುಳಿ ಮಣ್ಣಿನ ಈ ಗುಟ್ಟು ಜಗತ್ತಿಗೆ ಗೊತ್ತಾಗಿದ್ದೂ ಗಿಡ ಸೊರಗಿದ ಮೇಲೇ. ಅಮೆರಿಕದ ಕೃಷಿ ಇಲಾಖೆಯಲ್ಲಿದ್ದ ಫ್ರೆಡರಿಕ್ ಕೋವಿಲ್ 1906ರಲ್ಲಿ ಕಾಡು ಬ್ಲೂಬೆರಿಯ ಮೇಲೆ ಪ್ರಯೋಗ ಶುರು ಮಾಡಿದರು. ಗೊಬ್ಬರ ಹಾಕಿದ ಒಳ್ಳೆಯ ತೋಟದ ಮಣ್ಣಿನಲ್ಲಿ ಗಿಡ ಸೊರಗಿತು, ಹುಳಿ ಮಣ್ಣಿನಲ್ಲಿ ಚಿಗುರಿತು. 1910ರಲ್ಲಿ ಅವರು ಅದನ್ನು ಬರೆದು ಪ್ರಕಟಿಸಿದರು. ನ್ಯೂಜೆರ್ಸಿಯ ಎಲಿಜಬೆತ್ ವೈಟ್ ಅದನ್ನು ಓದಿದರು. ಅವರ ಮನೆಯವರು ಕ್ರ್ಯಾನ್‌ಬೆರಿ ಬೆಳೆಗಾರರು. ಕಾಡಿನಲ್ಲಿ ದೊಡ್ಡ ಹಣ್ಣಿನ ಗಿಡ ಹುಡುಕಿಕೊಟ್ಟ ಊರಿನವರಿಗೆ ದುಡ್ಡು ಕೊಟ್ಟು ಗಿಡ ಸೇರಿಸಿದರು. 1916ರಲ್ಲಿ ಇಬ್ಬರೂ ಸೇರಿ ಬೆಳೆದ ಮೊದಲ ಹಣ್ಣು ಮಾರುಕಟ್ಟೆಗೆ ಹೋಯಿತು. ಇವತ್ತು ಅಂಗಡಿಯಲ್ಲಿ ನೂರಾರು ರೂಪಾಯಿ ಕೊಟ್ಟು ತರುವ ಡಬ್ಬಿಯ ಹಿಂದೆ ಇವರಿಬ್ಬರ ತಾಳ್ಮೆ ಇದೆ. ನನಗಂತೂ ಅದು ಯಾವಾಗಲೂ ನೆನಪಾಗುತ್ತದೆ.

ಸರಿ, ನೀವೇನು ಮಾಡಬೇಕು? ಮೊದಲು ಮಳೆನೀರು ಹಿಡಿಯಿರಿ. ಹತ್ತು ಚದರ ಮೀಟರ್ ತಾರಸಿಯ ಮೇಲೆ 10 ಮಿಲಿಮೀಟರ್ ಮಳೆ ಬಿದ್ದರೆ ಸುಮಾರು 100 ಲೀಟರ್ ನೀರು. ಎರಡು ಡ್ರಮ್ ಇಟ್ಟರೆ ನಾಲ್ಕೈದು ಕುಂಡಕ್ಕೆ ತುಂಬಾ ದಿನ ಬರುತ್ತದೆ. ಡ್ರಮ್ಮಿಗೆ ಮುಚ್ಚಳ ಇರಲಿ, ಇಲ್ಲದಿದ್ದರೆ ಸೊಳ್ಳೆ. ಬೇಸಿಗೆಯಲ್ಲಿ ಮಳೆನೀರು ಮುಗಿದಾಗ ನಾನು ಬೋರ್‌ವೆಲ್ ನೀರಿಗೇ ಚಿಟಿಕೆ ಚಿಟಿಕೆಯಾಗಿ ನಿಂಬೆ ಉಪ್ಪು (ಸಿಟ್ರಿಕ್ ಆಮ್ಲ) ಹಾಕಿ, ಪಿಎಚ್ ಪಟ್ಟಿಯಲ್ಲಿ 5ರ ಹತ್ತಿರ ಬರುವವರೆಗೆ ನೋಡಿಕೊಂಡು ಹಾಕುತ್ತೇನೆ. ಅಳತೆ ಕೇಳಬೇಡಿ. ನಿಮ್ಮ ನೀರೇ ಬೇರೆ, ನಮ್ಮ ನೀರೇ ಬೇರೆ.

ಕುಂಡಕ್ಕೆ ಕೋಕೋಪೀಟ್ (ತೆಂಗಿನ ನಾರಿನ ಪುಡಿ) ಜಾಸ್ತಿ ಇರಲಿ. ಅದರಲ್ಲಿ ಉಪ್ಪಿನಂಶ ಇರುತ್ತದೆ, ಎರಡು ಮೂರು ಸಲ ತೊಳೆದು ಹಾಕಿ. ಸ್ವಲ್ಪ ಗಂಧಕದ ಪುಡಿ ಬೆರೆಸಿ, ಅದು ಕೆಲಸ ಮಾಡಲು ತಿಂಗಳುಗಳೇ ಬೇಕು. ಬೂದಿ, ಮೊಟ್ಟೆ ಸಿಪ್ಪೆ, ಸುಣ್ಣ ಮುಟ್ಟಿಸಲೇಬೇಡಿ. ಟೊಮೆಟೊಗೆ ಅಮೃತವಾದದ್ದು ಇದಕ್ಕೆ ವಿಷ. ಗೊಬ್ಬರವಾಗಿ ಅಮೋನಿಯಂ ಸಲ್ಫೇಟ್ ಸಾಕು, ಅದೂ ತುಂಬಾ ಕಡಿಮೆ. ಇದರ ಬೇರು ನೂಲಿನಷ್ಟು ತೆಳು, ಮೇಲ್ಮಣ್ಣಿನಲ್ಲೇ ಹರಡುತ್ತದೆ, ಬೇಗ ಸುಟ್ಟುಹೋಗುತ್ತದೆ. ಇದೇ ಕಾರಣಕ್ಕೆ ಬುಡಕ್ಕೆ ಒಣಗಿದ ಎಲೆ ಹೊದಿಸಿ. ಮಧ್ಯಾಹ್ನದ ಬಿಸಿಲಿಗೆ ನೆರಳು ಬಲೆ ಸಾಕು.

ಇನ್ನು ತಳಿ. ನನಗೆ ಮೊದಲ ಸಲ ಗಿಡ ಕೊಟ್ಟ ನರ್ಸರಿಯವರು ತಳಿಯ ಹೆಸರೇ ಹೇಳಲಿಲ್ಲ. ಹೆಸರಿಲ್ಲದ ಗಿಡ ತರಬೇಡಿ. ಉತ್ತರ ಅಮೆರಿಕದ ಚಳಿ ತಳಿಗಳಿಗೆ 7 ಡಿಗ್ರಿಗಿಂತ ಕಡಿಮೆ ಚಳಿಯ 800–1000 ಗಂಟೆ ಬೇಕು. ಬೆಂಗಳೂರಿನಲ್ಲಿ ಅಷ್ಟು ಚಳಿ ಎಲ್ಲಿ? ಬಿಲೊಕ್ಸಿ, ಮಿಸ್ಟಿ, ಶಾರ್ಪ್‌ಬ್ಲೂ ತರಹದ ಕಡಿಮೆ ಚಳಿ ಸಾಕಾಗುವ ತಳಿ ಕೇಳಿ ತನ್ನಿ. ಪೆರು ದೇಶದ ಮರಳುಗಾಡಿನಂಥ ಕರಾವಳಿಯಲ್ಲಿ, ಎಲೆಯೇ ಉದುರದ ಹಾಗೆ, ಇಂಥ ತಳಿಗಳನ್ನು ಬೆಳೆಯುತ್ತಾರೆ. ಎರಡು ಬೇರೆ ಬೇರೆ ತಳಿ ಪಕ್ಕಪಕ್ಕ ಇದ್ದರೆ ಹಣ್ಣು ದಪ್ಪ ಬರುತ್ತದೆ.

ಹೂವು ಪುಟ್ಟ ಗಂಟೆಯ ಹಾಗೆ ತಲೆಕೆಳಗಾಗಿ ತೂಗುತ್ತದೆ. ನೀಲಿ ಪಟ್ಟಿಯ ಜೇನುನೊಣ ಅದನ್ನು ಹಿಡಿದುಕೊಂಡು ಗುಂಯ್ ಅಂತ ಮೈ ನಡುಗಿಸಿದರೆ, ಉಪ್ಪಿನ ಡಬ್ಬಿ ಅಲ್ಲಾಡಿಸಿದ ಹಾಗೆ ಪರಾಗ ಉದುರುತ್ತದೆ. ಬದನೆ ಹೂವಿಗೂ ಇದೇ ನೊಣ ಬರುತ್ತದೆ. ಹಾಗಾಗಿ ನಾನು ಪಕ್ಕದಲ್ಲಿ ಎರಡು ಬದನೆ ಗಿಡ ಇಟ್ಟಿದ್ದೇನೆ. ಮೊದಲ ವರ್ಷದ ಹೂವು ಮಾತ್ರ ಕಿತ್ತುಹಾಕಿ, ಗಿಡ ಬಲಿಯಲಿ. ಮನಸ್ಸಿಗೆ ಕಷ್ಟ, ಆದರೂ ಕೀಳಿ. ಹಣ್ಣು ನೀಲಿಯಾದ ತಕ್ಷಣ ಕೀಳಬೇಡಿ. ತೊಟ್ಟಿನ ಸುತ್ತ ಕೆಂಪು ಇದ್ದರೆ ಇನ್ನೂ ಹುಳಿ, ಕಿತ್ತ ಮೇಲೆ ಸಿಹಿಯಾಗುವುದಿಲ್ಲ. ಪಿಕಳಾರಕ್ಕೆ ಇದು ನಮಗಿಂತ ಮೊದಲೇ ಗೊತ್ತಾಗುತ್ತದೆ, ಬಲೆ ಕಟ್ಟಿ.

ಕ್ರ್ಯಾನ್‌ಬೆರಿ ಬೇಡ. ವಿಡಿಯೊಗಳಲ್ಲಿ ಹಣ್ಣು ನೀರಿನಲ್ಲಿ ತೇಲುವುದನ್ನು ನೋಡಿ ಅದು ನೀರಲ್ಲೇ ಬೆಳೆಯುತ್ತದೆ ಅಂದುಕೊಳ್ಳುತ್ತೇವೆ. ಅದು ನೆಲದ ಮೇಲೆ ಹಬ್ಬುವ ಬಳ್ಳಿ. ಆ ವಿಡಿಯೊದಲ್ಲಿ ಕಾಣುವುದು ಕೊಯ್ಲಿನ ಹೊತ್ತಿಗೆ ಗದ್ದೆಗೆ ಬಿಟ್ಟ ನೀರು. ಒಳಗೆ ಗಾಳಿ ತುಂಬಿದ ಪೊಟರೆ ಇರುವುದರಿಂದ ಹಣ್ಣು ತೇಲುತ್ತದೆ. ಅದಕ್ಕೆ ಅಮೆರಿಕದ ವಿಸ್ಕಾನ್ಸಿನ್ ರಾಜ್ಯದಂಥ ಕಡೆಯ ಉದ್ದದ ಚಳಿಗಾಲ ಬೇಕು. ಆ ಹುಳಿ ಕೆಂಪು ಹಣ್ಣೇ ಬೇಕು ಅನ್ನಿಸಿದರೆ ಒಂದು ಕವಳಿ ಗಿಡ ಹಾಕಿ. ಮುಳ್ಳಿದೆ, ನೋಡಿಕೊಂಡು ಇಡಿ. ಉಪ್ಪಿನಕಾಯಿ, ಜ್ಯಾಮ್ ಎರಡಕ್ಕೂ ಸೊಗಸು. ನಮ್ಮ ಬೋರ್‌ವೆಲ್ ನೀರಿಗೂ ಅದು ಬೇಸರ ಮಾಡಿಕೊಳ್ಳುವುದಿಲ್ಲ.