ನಟಿಗೆ ಸಿನಿಮಾ ಮಾಡಾಕ ಬರ್ತೈತೇನ್ರಿ?

ಪ್ರಶ್ನೆ: ಅಕ್ಕಾರ, ಇಪ್ಪತ್ತಾರು ವರ್ಷ ಕಂಪನಿ ನಾಟಕದಾಗ ಪಾರ್ಟು ಮಾಡೀನ್ರಿ. ಈಗ ವಯಸ್ಸು 51. ಬನಶಂಕರಿ ಜಾತ್ರಿಯೊಳಗ ನಮ್ಮ ಮೇಕಪ್ ರೂಮಿನ ಬಾಳೇ ಹೆಂಗಿರತೈತಿ ಅನ್ನೂದನ್ನ ಇಪ್ಪತ್ತು ಮಿನಿಟಿನ ಸಿನಿಮಾ ಮಾಡಬೇಕಂತ ಮನಸ್ಸೈತ್ರಿ. ‘ಪಾರ್ಟು ಮಾಡಾಕಿ ಡೈರೆಕ್ಷನ್ ಏನ್ ಮಾಡ್ತಾಳ’ ಅಂತಾರ. ಹಿಂಗ ಯಾರರ ಮಾಡ್ಯಾರೇನ್ರಿ?
– ಕಂಪನಿ ಕಲಾವಿದೆ, ಇಳಕಲ್ಲ

ಉತ್ತರ: ಮಾಡ್ಯಾರ್ರೀ ಅಕ್ಕಾರ. ಬ್ರೆಜಿಲ್ ದೇಶದ ನಟಿ ಹೆಲೆನಾ ಇಗ್ನೆಜ್ ಅಂತ ಒಂದು ಚೀಟಿಯಲ್ಲಿ ಬರೆದು ನಿಮ್ಮ ಮೇಕಪ್ ಕನ್ನಡಿಗೆ ಸಿಕ್ಕಿಸಿಕೊಳ್ಳಿ.

ಸಾಲ್ವಡಾರ್ ಊರಿನವರು. 1959ರಲ್ಲಿ ನಿರ್ದೇಶಕ ಗ್ಲಾಬರ್ ರೋಶಾ ಅವರ ಕಿರುಚಿತ್ರದಲ್ಲಿ ಕಾಣಿಸಿಕೊಂಡರು. 1968ರಲ್ಲಿ, ಆಗಿನ್ನೂ 22ರ ಹುಡುಗನಾಗಿದ್ದ ರೊಜೇರಿಯೊ ಸ್ಗಾನ್ಜೆರ್ಲಾ ಮಾಡಿದ ‘ಓ ಬಂಡಿದೊ ದ ಲುಸ್ ವೆರ್ಮೆಲ್ಯಾ’ದಲ್ಲಿ ನಟಿಸಿದರು, ಮುಂದೆ ಆತನನ್ನೇ ಮದುವೆಯಾದರು. 1970ರಲ್ಲಿ ಇವರಿಬ್ಬರೂ ನಿರ್ದೇಶಕ ಜೂಲಿಯೊ ಬ್ರೆಸಾನೆ ಜೊತೆ ಸೇರಿ ಬೆಲೇರ್ ಎಂಬ ಸಿನಿಮಾ ಕಂಪನಿ ಕಟ್ಟಿ, ಕೆಲವೇ ತಿಂಗಳಲ್ಲಿ ಅರ್ಧ ಡಜನ್ ಚಿತ್ರ ಮುಗಿಸಿದರು. ಮಿಲಿಟರಿ ಆಡಳಿತದ ಕಾಲ. ದೇಶ ಬಿಡಬೇಕಾಯಿತು.

1969ರ ‘ಅ ಮುಲ್ಯೆರ್ ದಿ ತೋದೊಸ್’ ನೋಡುವಾಗ ನನಗೆ ನೆನಪಾದದ್ದು ನಮ್ಮ ಶ್ರೀಕೃಷ್ಣ ಪಾರಿಜಾತ ಬಯಲಾಟದ ದೂತಿ. ಭಾಗವತರ ಜೋಡಿ ಮಾತಾಡುತ್ತಲೇ ಆಕೆ ಮಂದಿಯನ್ನೂ ಮಾತಿಗೆ ಎಳೆಯುತ್ತಾಳಲ್ಲ, ಆ ಧೈರ್ಯ ಈ ನಟಿಯಲ್ಲಿದೆ. ಮಂದಿ ಎಲ್ಲಿ ನಗುತ್ತಾರೆ, ಎಲ್ಲಿ ಉಸಿರು ಹಿಡಿಯುತ್ತಾರೆ ಅನ್ನುವುದು ನಿಮಗೂ ಗೊತ್ತು. ಡೈರೆಕ್ಷನ್ನಿನ ಬಹುಪಾಲು ಅದೇ.

ಹೆಲೆನಾ ಸ್ವತಃ ನಿರ್ದೇಶನಕ್ಕೆ ಇಳಿದದ್ದು ಅರವತ್ತು ದಾಟಿದ ಮೇಲೆ. 2004ರಲ್ಲಿ ಗಂಡ ತೀರಿಕೊಂಡರು. ಮರುವರ್ಷ ಅವರು ಮಾಡಿದ ಕಿರುಚಿತ್ರವನ್ನೇ ನೀವು ಗಮನಿಸಬೇಕು: 1970ರ ಶೂಟಿಂಗ್ ಸಮಯದಲ್ಲಿ ಸೂಪರ್ ಎಂಟು ಎಂಬ ಸಣ್ಣ ಕ್ಯಾಮೆರಾದಲ್ಲಿ ಹಿಡಿದಿಟ್ಟ ರೀಲುಗಳಿಂದ ಬೆಲೇರ್ ಕಂಪನಿಯ ತೆರೆಮರೆಯ ಬದುಕನ್ನು ಕಟ್ಟಿದರು. ನಿಮ್ಮ ಮನಸ್ಸಿನಲ್ಲಿರುವುದೂ ಅದೇ ಅಲ್ಲವೇ? ಆಮೇಲೆ 2007ರಲ್ಲಿ ಜರ್ಮನ್ ನಾಟಕಕಾರ ಬ್ರೆಕ್ಟನ ನಾಟಕ ಆಧರಿಸಿದ ದೊಡ್ಡ ಚಿತ್ರ. 2010ರಲ್ಲಿ ಗಂಡ ಬಿಟ್ಟುಹೋದ ಸ್ಕ್ರಿಪ್ಟನ್ನು ಇಕಾರೊ ಮಾರ್ಟಿನ್ಸ್ ಜೊತೆ ಸೇರಿ ‘ಲುಸ್ ನಾಸ್ ತ್ರೆವಾಸ್’ ಆಗಿಸಿದರು. ಮಗಳು ಜಿನ್ ಅದರಲ್ಲಿ ನಟಿಸಿದಳು. 2019ರ ‘ಫಕೀರ್’ ಸರ್ಕಸ್ಸಿನಲ್ಲಿ ಮಂದಿಯ ಮುಂದೆ ಉಪವಾಸ ಕೂತು ತೋರಿಸುತ್ತಿದ್ದ ಫಕೀರರ ಕುರಿತ ಸಾಕ್ಷ್ಯಚಿತ್ರ. ಅದರಲ್ಲಿ ಆ ಕಸುಬಿನ ಹೆಂಗಸರೂ ಇದ್ದಾರೆ.

ಹಾಗಾಗಿ ನಿಮ್ಮ ಟ್ರಂಕಿನಿಂದಲೇ ಶುರು ಮಾಡಿ. ಹಳೆಯ ವಾಲ್‌ಪೋಸ್ಟರ್, ಗ್ರೂಪ್ ಫೋಟೋ, ಮಾತು ಬರೆದುಕೊಂಡ ನೋಟ್‌ಬುಕ್ಕು, ಎಲ್ಲವನ್ನೂ ಹಗಲು ಬೆಳಕಿನಲ್ಲಿ ಮೊಬೈಲಿನಿಂದ ತೆಗೆಯಿರಿ. ಜಾತ್ರೆಯಲ್ಲಿ ಎರಡು ಆಟಗಳ ನಡುವೆ ಶೂಟ್ ಮಾಡುವಾಗ ಕನ್ನಡಿ ಮೇಲಿನ ಬಲ್ಬೇ ಸಾಕು. ಆದರೆ ಮಾತುಕತೆ ಅಲ್ಲಿ ರೆಕಾರ್ಡ್ ಮಾಡಬೇಡಿ, ಮೈಕಾಸುರರ ನಡುವೆ ಒಂದು ಅಕ್ಷರವೂ ಉಳಿಯುವುದಿಲ್ಲ. ಬೆಳಿಗ್ಗೆ, ಎಲ್ಲರೂ ಎದ್ದು ಚಹಾ ಕುಡಿಯುವ ಹೊತ್ತಿಗೆ ಕೇಳಿಸಿಕೊಳ್ಳಿ. ಬಣ್ಣ ಹಚ್ಚಿಕೊಳ್ಳುವ ಹೆಣ್ಣುಮಕ್ಕಳ ಒಪ್ಪಿಗೆ ಮೊದಲು ತೆಗೆದುಕೊಳ್ಳಿ.

ಮುಗಿದ ಮೇಲೆ ವಿಜಯಪುರಕ್ಕೆ ಬರ್ರಿ. ನಮ್ಮ ಮನೆ ಅಂಗಳದಾಗ ಬಿಳಿ ಪಂಜೆ ಕಟ್ಟಿ, ಓಣಿ ಮಂದಿಗೆಲ್ಲ ತೋರಿಸೋಣಂತ.